ಒಲೆಯ ಒಡೆತನ

ಹುಟ್ಟಿದಂದಿನಿಂದ ಮಾಂಸವನ್ನು ಮುಟ್ಟದವನು ಮಾಂಸದ ಅಡುಗೆಯನ್ನು ಕುರಿತು ಬರೆಯಹೊರಟರೆ ವಾಚಕ ಮಹಾಶಯರು ನಕ್ಕಾರು. ಆದರೂ ಕಳೆದ ಆಷಾಢದಲ್ಲಿ ಯಲಹಂಕದ ನಮ್ಮ ಮನೆಯ ಮಹಡಿಯ ಮೇಲೆ ಮೂರು ಗಂಟೆಗಳ ಕಾಲ ಬೆಂದ ಒಂದು ಅಡುಗೆಯು ನನ್ನ ಮನಸ್ಸಿನಲ್ಲಿ ಇನ್ನೂ ಬೇಯುತ್ತಲೇ ಇದೆ. ಅದನ್ನು ಕೆಳಗಿಳಿಸದೆ ನನಗೆ ಸಮಾಧಾನವಿಲ್ಲ.

ನಮ್ಮ ಮನೆ ಹಳೆಯ ಪೇಟೆಯದು. ಮೇಲಂತಸ್ತನ್ನು ಬಾಡಿಗೆಗೆ ಕೊಡುವುದು ವಾಡಿಕೆ. 2008ರಲ್ಲಿ ದೇವನಹಳ್ಳಿಯ ವಿಮಾನ ನಿಲ್ದಾಣವು ತೆರೆದ ಮೇಲೆ ಈ ಕಡೆ ಮನೆಗಳನ್ನು ಅರಸಿಕೊಂಡು ಬರತಕ್ಕವರು ಹೆಚ್ಚಾದರು. ಮನೆಯ ಒಡೆಯರ ಗತ್ತೂ ಜೊತೆಗೇ ಹೆಚ್ಚಿತು. ನಾನೂ ಅವರಲ್ಲೊಬ್ಬನು. ‘ಸಸ್ಯಾಹಾರಿಗಳಿಗೆ ಮಾತ್ರ’ ಎಂಬ ಹಲಗೆಯನ್ನು ನನ್ನ ಕೈಯಾರೆ ದುಂಡಾದ ಅಕ್ಷರಗಳಲ್ಲಿ ಬರೆದು ಬಾಗಿಲಿಗೆ ತೂಗುಹಾಕಿದ್ದೆನು. ಎರಡು ವರ್ಷಗಳ ಹಿಂದೆ ದೊಡ್ಡಬಳ್ಳಾಪುರದ ಕಡೆಯ ಯುವಕನೊಬ್ಬನು ಹೆಂಡತಿಯೊಡನೆ ಬಂದು, ಹಲಗೆಯನ್ನು ಓದಿ, ಒಂದು ಕ್ಷಣ ತಡೆದು, ‘ಆಗಲಿ, ಸ್ವಾಮಿ’ ಎಂದನು. ಆ ಒಂದು ಕ್ಷಣದ ಅರ್ಥವನ್ನು ನಾನು ಆಗಲೇ ತಿಳಿಯಬೇಕಾಗಿತ್ತು.

ಕಾಲುಗಂಟೆಯಲ್ಲಿ ಬೇಯುವ ಪದಾರ್ಥವನ್ನು ಕಿಟಕಿ ಮುಚ್ಚಿ ಬಚ್ಚಿಡಬಹುದು; ಮೂರು ಗಂಟೆ ಬೇಯುವುದನ್ನು ಬಚ್ಚಿಡಲಾಗದು. ಆ ಭಾನುವಾರ ಮೊದಲು ದಾಲ್ಚಿನ್ನಿಯ ವಾಸನೆ ಬಂದಿತು. ಮೇಲೆ ಯಾರಿಗೋ ನೆಗಡಿಯಾಗಿ ಕಷಾಯ ಕಾಯಿಸುತ್ತಿರುವರೆಂದುಕೊಂಡೆನು. ಅನಂತರ ಶುಂಠಿ, ಕೇಸರಿ. ಏನೋ ಸಿಹಿ ಮಾಡುತ್ತಿರುವರೆಂದು ಭಾವಿಸಿದೆನು. ಎರಡನೆಯ ಗಂಟೆಗೆ ಸಂದೇಹಕ್ಕೆ ಎಡೆಯಿರಲಿಲ್ಲ. ನನ್ನ ಪತ್ನಿಯು ಮಾತನಾಡದೆ ಅಡುಗೆಮನೆಯ ಕಿಟಕಿಯನ್ನು ಮುಚ್ಚಿದಳು. ನಾನು ಮೆಟ್ಟಿಲು ಹತ್ತಿದೆನು.

ಯುವಕನು ಕೈಮುಗಿದು ನಿಂತನು. ಮೂಲೆಯ ಚಾಪೆಯ ಮೇಲೆ ಅವನ ತಾಯಿ ಕುಳಿತಿದ್ದಳು. ಕಾಯಿಲೆಯಿಂದೆದ್ದು ಊರಿನಿಂದ ಬಂದು ತಿಂಗಳಾಗಿತ್ತು. ಹಲ್ಲುಗಳು ಬಿದ್ದುಹೋಗಿದ್ದವು. ಮುದ್ದೆ, ಮಾಂಸದ ಸಾರುಗಳಲ್ಲಿ ಬೆಳೆದ ಜೀವವು ಬೇಳೆಯ ಸಾರನ್ನು ಮುಂದಿಟ್ಟರೆ ತಟ್ಟೆಯನ್ನು ದೂರ ತಳ್ಳುತ್ತಿತ್ತಂತೆ. ಈತನು ಹಿಂದೆ ಮೊರಾಕೊ ದೇಶದ ಕಾಸಾಬ್ಲಾಂಕಾ ನಗರದಲ್ಲಿ ಕೆಲಸಕ್ಕಿದ್ದಾಗ ಕಲಿತ ಅಡುಗೆಯೊಂದು, ಅಗಿಯಬೇಕಾಗಿಲ್ಲದಷ್ಟು ಮೃದುವಾಗುವುದೆಂದು, ನೆನಪಿಗೆ ಬಂದಿತು. ‘ಕುಕ್ಕರಿನಲ್ಲಿ ಆಗುವುದಿಲ್ಲವೆ?’ ಎಂದು ಕೇಳಿದೆನು. ಅಪರಾಧವನ್ನು ವಿಚಾರಿಸಲು ಹೋದವನು ಪಾಕವಿಧಾನವನ್ನು ವಿಚಾರಿಸುತ್ತಿದ್ದೆನು! ಕುಕ್ಕರಿನಲ್ಲಿ ಸತ್ವವೆಲ್ಲ ನೀರಿಗಿಳಿದು ಮಾಂಸವು ನಾರುನಾರಾಗುವುದೆಂದು ಅವನು ಸಂಕೋಚದಿಂದಲೇ ವಿವರಿಸತೊಡಗಿದನು.

ಒಲೆಯ ಮೇಲೆ ಒಂದು ಕಬ್ಬಿಣದ ಹಂಚು; ಅದರ ಮೇಲೆ ಮಣ್ಣಿನ ತಟ್ಟೆ; ತಟ್ಟೆಗೆ ಗೋಪುರದಂತೆ ಮೊನಚಾದ ಮಣ್ಣಿನ ಮುಚ್ಚಳ. ಪಾತ್ರೆಗೂ ಅದರಲ್ಲಿ ಬೆಂದ ಅಡುಗೆಗೂ ತಜೀನ್ ಎಂಬುದೊಂದೇ ಹೆಸರು. ಕುರಿಯ ಹೆಗಲಿನ ಮಾಂಸ, ಈರುಳ್ಳಿ, ಶುಂಠಿ, ಅರಿಸಿನ, ಮೆಣಸು, ಜೀರಿಗೆ, ದಾಲ್ಚಿನ್ನಿ, ಕೇಸರಿಯ ನಾಲ್ಕು ಎಸಳು. ನೀರು ಒಂದು ಲೋಟಕ್ಕಿಂತ ಹೆಚ್ಚಿಲ್ಲ. ಮೇಲೇರಿದ ಆವಿಯು ಮುಚ್ಚಳದ ಒಳಮೈಗೆ ತಾಗಿ ಹನಿಯಾಗಿ ಮತ್ತೆ ಕೆಳಗಿಳಿಯುತ್ತದೆ. ಹೀಗೆ ಪದಾರ್ಥವು ತನ್ನ ರಸದಲ್ಲಿಯೇ ಬೇಯುತ್ತದೆ. ಕಡೆಯಲ್ಲಿ ಒಣಗಿದ ಆಲೂಬುಖಾರವನ್ನೋ, ಉಪ್ಪಿನಲ್ಲಿ ಊರಿದ ನಿಂಬೆಯನ್ನೋ ಸೇರಿಸುವರಂತೆ. ಪ್ರಾಣಿಯು ಹೆಚ್ಚು ದುಡಿಸಿದ ಅಂಗಗಳಲ್ಲಿ ಕೊಲಾಜೆನ್ ಎಂಬ ಬಂಧಕ ಪದಾರ್ಥವು ಹೆಚ್ಚು. ಅವಸರದ ಉರಿಗೆ ಆ ಮಾಂಸವು ಬಿಗಿದುಕೊಳ್ಳುತ್ತದೆ. ಕುದಿತಕ್ಕಿಂತ ಕೆಳಗಿನ ಮಂದಶಾಖದಲ್ಲಿ ಗಂಟೆಗಟ್ಟಲೆ ಇದ್ದರೆ ಆ ಬಂಧಕವೇ ಕರಗಿ ಸಾರಿಗೆ ಅಂಟನ್ನು ಕೊಡುತ್ತದೆ. ಮರಾಕೇಶ್ ಪಟ್ಟಣದಲ್ಲಿ ಇಂಥದೇ ಇನ್ನೊಂದು ಅಡುಗೆಯ ಗಡಿಗೆಯನ್ನು ಸಾರ್ವಜನಿಕ ಸ್ನಾನಗೃಹದ ಒಲೆಯ ಬೂದಿಯಲ್ಲಿ ಹೂತಿಟ್ಟು ಬರುವ ಪದ್ಧತಿಯುಂಟು. ಬಚ್ಚಲ ಒಲೆಯ ಕೆಂಡದಲ್ಲಿ ಗೆಣಸು, ಹಲಸಿನ ಬೀಜಗಳನ್ನು ಸುಟ್ಟು ತಿಂದ ನಮಗೆ ಇದು ತೀರ ಅಪರಿಚಿತವೇನಲ್ಲ.

ಮುದುಕಿಯು ಅದನ್ನು ರಾಗಿಮುದ್ದೆಯೊಡನೆ ಉಂಡಳು. ಆಫ್ರಿಕದ ಅಡುಗೆಯೊಡನೆ ನಮ್ಮ ಮುದ್ದೆಯೇ ಎಂದು ಆಶ್ಚರ್ಯಪಡಬೇಕಾಗಿಲ್ಲ. ರಾಗಿಯ ತೌರೂರು ಪೂರ್ವ ಆಫ್ರಿಕದ ಎತ್ತರದ ನೆಲ. ಲಕ್ಷ್ಮಣಯ್ಯನವರು ಆ ಖಂಡದ ತಳಿಗಳನ್ನು ನಮ್ಮ ರಾಗಿಯೊಡನೆ ಕೂಡಿಸಿ ಇಂಡಾಫ್ ತಳಿಗಳನ್ನು ಪಡೆದ ಸಂಗತಿಯು ಈ ಸೀಮೆಯ ರೈತರಿಗೆ ತಿಳಿದೇ ಇದೆ.

ನಾನು ಏನೂ ಹೇಳದೆ ಕೆಳಗಿಳಿದು ಬಂದೆನು. ಆ ರಾತ್ರಿ ನಿದ್ರೆ ಬರಲಿಲ್ಲ. ಕೊಂದವನಷ್ಟೇ ಅಲ್ಲ, ಅನುಮತಿ ಕೊಟ್ಟವನು, ಕಡಿದವನು, ಕೊಂಡವನು, ಮಾರಿದವನು, ಬೇಯಿಸಿದವನು, ಬಡಿಸಿದವನು, ತಿಂದವನು, ಇವರೆಲ್ಲರೂ ಘಾತಕರೇ ಎಂದು ಮನುಸ್ಮೃತಿಯ ಐದನೆಯ ಅಧ್ಯಾಯವು ಹೇಳುತ್ತದೆ. ಪಾಠಶಾಲೆಯಲ್ಲಿ ಬಾಯಿಪಾಠ ಮಾಡಿದ ಮಾತು. ಸುಮ್ಮನಿದ್ದರೆ ಅನುಮತಿ ಕೊಟ್ಟವನು ನಾನೇ ಆಗುತ್ತೇನಲ್ಲವೆ?

ಆದರೆ ಅನುಮತಿಯೆಂಬುದು ಅಧಿಕಾರವುಳ್ಳ ಕಡೆಯಲ್ಲಿ ಮಾತ್ರ ಸಲ್ಲತಕ್ಕ ಪದ. ಪಕ್ಕದ ಬೀದಿಯವರು ಏನು ಉಂಡರೂ ನಾನು ಅನುಮತಿ ಕೊಟ್ಟಂತಾಗುವುದಿಲ್ಲ. ತಿಂಗಳು ತಿಂಗಳು ಹಣವನ್ನೆಣಿಸಿಕೊಂಡು ಗೋಡೆ, ಒಲೆ, ಬಾಗಿಲುಗಳ ಉಪಯೋಗವನ್ನು ಕೊಟ್ಟಮೇಲೆ, ಆ ಒಲೆಯ ಮೇಲಿನ ಪಾತ್ರೆಯೂ ನನ್ನದೆ? ಅವನು ಮಾತು ಕೊಟ್ಟಿದ್ದನು, ತಪ್ಪಿದನು, ನಿಜ. ಮಾತು ತಪ್ಪುವುದನ್ನು ಸಣ್ಣ ದೋಷವೆಂದು ನಾನು ಹೇಳಲಾರೆನು. ನಲವತ್ತು ವರ್ಷ ಮಕ್ಕಳಿಗೆ ಸತ್ಯವನ್ನು ಬೋಧಿಸಿದವನು. ಆದರೆ ತಲೆಯ ಮೇಲೊಂದು ಸೂರಿಗಾಗಿ ಅಲೆಯುತ್ತಿರುವವನಿಂದ ಪಡೆದ ಮಾತಿಗೂ, ಸಮಾನನಾಗಿ ನಿಂತವನಿಂದ ಪಡೆದ ಮಾತಿಗೂ ಒಂದೇ ತೂಕವೆ? ಒಬ್ಬ ಮರ್ಯಾದಸ್ಥನು ಎರಡು ವರ್ಷ ಕದ್ದು ಉಂಡನು. ಅವನ ಹೆಂಡತಿಯು ಮೂಳೆಗಳನ್ನು ಕಾಗದದಲ್ಲಿ ಸುತ್ತಿ ನಾಲ್ಕು ಬೀದಿಯಾಚೆ ಎಸೆದು ಬಂದಳು. ಉತ್ತರರಾಮಚರಿತದ ಮೂರನೆಯ ಅಂಕದಲ್ಲಿ ಭವಭೂತಿಯು ರಾಮನ ಒಳಗುದಿಯನ್ನು ಪುಟಪಾಕಕ್ಕೆ, ಎಂದರೆ ಬಾಯಿ ಬಿಗಿದ ಪಾತ್ರೆಯ ಬೇಗೆಗೆ, ಹೋಲಿಸಿದ್ದಾನೆ. ಆ ಪದಕ್ಕೆ ಎಷ್ಟೋ ಸಲ ಅರ್ಥ ಹೇಳಿದ್ದೆನು. ನನ್ನ ಮಹಡಿಯ ಮೇಲೆಯೇ ಅದು ನಡೆಯುತ್ತಿದ್ದುದು ತಿಳಿದಿರಲಿಲ್ಲ.

ಇನ್ನೊಂದನ್ನು ಹೇಳಿಬಿಡಬೇಕು, ಬರೆಯಲು ಕೈ ಹಿಂಜರಿಯುತ್ತದೆ. ಆ ಹಲಗೆಯನ್ನು ಕುರಿಗಳ ಮೇಲಿನ ಕರುಣೆಯಿಂದ ಬರೆದೆನೆ? ಪೂಜೆಗೆ ನಾನು ಉಡುವ ಮಗುಟವು ಗೂಡಿನೊಳಗಿನ ಹುಳುವನ್ನು ಬೇಯಿಸಿ ತೆಗೆದ ನೂಲಿನದು. ಆ ಬೇಯಿಸುವಿಕೆಯನ್ನು ಕುರಿತು ನಾನು ಒಂದು ದಿನವೂ ನಿದ್ದೆಗೆಡಲಿಲ್ಲ. ಹಲಗೆಯ ಅಕ್ಷರವು ಆಹಾರದ್ದು, ಅರ್ಥವು ಜಾತಿಯದು. ಇದು ನನಗೂ ಗೊತ್ತಿತ್ತು, ಓದಿದವರಿಗೂ ಗೊತ್ತಿತ್ತು. ಕನ್ನಡ ನಾಡಿನ ಅಡುಗೆಮನೆ ನನ್ನ ಮನೆಗಿಂತ ದೊಡ್ಡದು: ಹನ್ನೆರಡನೆಯ ಶತಮಾನದ ಮಾನಸೋಲ್ಲಾಸದಲ್ಲಿ ಕಲ್ಯಾಣದ ಸೋಮೇಶ್ವರನು ಮಾಂಸಪಾಕಗಳನ್ನು ವಿಸ್ತಾರವಾಗಿ ಹೇಳಿದನು, ಹದಿನಾರನೆಯ ಶತಮಾನದಲ್ಲಿ ಸೂಪಶಾಸ್ತ್ರವನ್ನು ಬರೆದ ಜೈನಕವಿ ಮಂಗರಸನು ಅವನ್ನು ಮುಟ್ಟಲಿಲ್ಲ. ಮಹಾಭಾರತದ ವನಪರ್ವದಲ್ಲಿ ಕೌಶಿಕನೆಂಬ ಬ್ರಾಹ್ಮಣನು ಧರ್ಮವನ್ನು ಕಲಿಯಲು ಹೋದದ್ದು ಮಿಥಿಲೆಯ ಮಾಂಸದಂಗಡಿಗೆ. ಆ ವ್ಯಾಧನು ತಾನು ಮಾಂಸ ತಿನ್ನುತ್ತಿರಲಿಲ್ಲ, ಮಾರುತ್ತಿದ್ದನು. ನೇಗಿಲ ಮೊನೆಗೂ ಎಷ್ಟೋ ಜೀವಗಳು ಸಾಯುತ್ತವೆಂದು ಅವನೇ ಕೌಶಿಕನಿಗೆ ತೋರಿಸಿಕೊಟ್ಟನು. ಮುದಿ ತಂದೆತಾಯಿಗಳ ಸೇವೆಯೇ ತನ್ನ ತಪಸ್ಸೆಂದನು. ಈ ಕಥೆಯನ್ನು ಪ್ರತಿವರ್ಷವೂ ತರಗತಿಯಲ್ಲಿ ಹೇಳುತ್ತಿದ್ದೆನು. ಕೌಶಿಕನು ಅಂಗಡಿಯ ಮುಂದೆ ನಿಂತು ಹಲಗೆ ತೂಗುಹಾಕಿದನೆಂದು ಯಾವ ವ್ಯಾಖ್ಯಾನದಲ್ಲಿಯೂ ಓದಿಲ್ಲ.

ನನ್ನ ಊಟವು ಬದಲಾಗಲಿಲ್ಲ. ಬದಲಾಗಬೇಕೆಂಬ ವಾದವೂ ನನ್ನದಲ್ಲ. ಕೊಲ್ಲದೆ ಬದುಕುವುದು ಮೇಲೆಂದೇ ಇಂದಿಗೂ ನನ್ನ ಮತ. ಅದನ್ನು ನನ್ನ ತಟ್ಟೆಯಲ್ಲಿ ನಡೆಸುತ್ತೇನೆ. ಮರುದಿನ ಬೆಳಗ್ಗೆ ಹಲಗೆಯನ್ನು ಬಿಚ್ಚಿ ಸೌದೆಯ ಕೋಣೆಯಲ್ಲಿಟ್ಟು, ಮೇಲೆ ಹೋಗಿ ಯುವಕನಿಗೆ ತಿಳಿಸಿದೆನು. ಅವನು ಬಹಳ ಹೊತ್ತು ಮಾತನಾಡಲಿಲ್ಲ. ಮುದುಕಿಯು ಮಾತ್ರ, ‘ಮೇಷ್ಟ್ರಿಗೆ ಮಜ್ಜಿಗೆ ಕೊಡು’ ಎಂದಳು. ಕುಡಿದೆನು, ಮೇಲಿನ ಮನೆಯಲ್ಲಿ ನಾನು ಏನನ್ನಾದರೂ ತೆಗೆದುಕೊಂಡದ್ದು ಅದೇ ಮೊದಲು. ಭಾನುವಾರಗಳಲ್ಲಿ ನನ್ನ ಪತ್ನಿಯು ಅಡುಗೆಮನೆಯ ಕಿಟಕಿಯನ್ನು ಈಗಲೂ ಮುಚ್ಚುತ್ತಾಳೆ. ಅದು ಅವಳ ಕಿಟಕಿ.