ಯಾರ ಸುಪರ್ದಿನ ಜನ?

ರಾಜಕಾರಣದಲ್ಲಿ ನೀತಿಗೆ ಜಾಗವಿಲ್ಲ ಎನ್ನುವವರು ಹಾನ್ಸ್ ಮಾರ್ಗೆಂಥೌನನ್ನು ಸಾಕ್ಷಿಗೆ ಕರೆಯುವುದುಂಟು. ಆತನ ‘ಪಾಲಿಟಿಕ್ಸ್ ಅಮಂಗ್ ನೇಷನ್ಸ್’ ಬಂದದ್ದು 1948ರಲ್ಲಿ. ಅಂತರರಾಷ್ಟ್ರೀಯ ಸಂಬಂಧಗಳ ವಿದ್ಯಾರ್ಥಿಗಳು ಇಂದಿಗೂ ಅದನ್ನು ಓದುತ್ತಾರೆ. ಪರೀಕ್ಷೆಗೆ ಬೇಕಾದಷ್ಟು, ಅಂದರೆ ರಾಷ್ಟ್ರಹಿತವನ್ನು ಅಧಿಕಾರದಿಂದಲೇ ಅಳೆಯಬೇಕು ಎಂಬ ಮಾತಿನವರೆಗೆ. ನನ್ನನ್ನು ಹಿಡಿದು ನಿಲ್ಲಿಸಿದ್ದು ಅದರಾಚೆಯ ಒಂದು ವಾದ. ಲೋಕವೇ ಅಳಿದರೂ ನ್ಯಾಯ ನಡೆಯಲಿ ಎಂದು ವ್ಯಕ್ತಿಯೊಬ್ಬ ತನ್ನ ಮಟ್ಟಿಗೆ ಹೇಳಿಕೊಳ್ಳಬಹುದು. ತನ್ನ ಸುಪರ್ದಿನಲ್ಲಿರುವ ಜನರ ಹೆಸರಿನಲ್ಲಿ ಹಾಗೆನ್ನುವ ಹಕ್ಕು ಪ್ರಭುತ್ವಕ್ಕಿಲ್ಲ. ಪರಿಣಾಮಗಳನ್ನು ತೂಗಿ ನೋಡುವ ವಿವೇಕವೇ ರಾಜಕಾರಣದ ಅತಿ ದೊಡ್ಡ ಗುಣ ಎನ್ನುತ್ತಾನೆ ಆತ.

ರಾಘವಾಂಕನ ಹರಿಶ್ಚಂದ್ರನನ್ನು ನೆನೆಯಿರಿ. ಸತ್ಯಕ್ಕಾಗಿ ರಾಜ್ಯ ಬಿಟ್ಟ, ಹೆಂಡತಿ ಮಗನನ್ನು ಮಾರಿದ, ತಾನೂ ಮಾರಿಕೊಂಡ. ಶತಮಾನಗಳಿಂದ ನಾವು ಕಣ್ಣೀರು ತುಂಬಿ ಮೆಚ್ಚುತ್ತ ಬಂದಿದ್ದೇವೆ. ಆದರೆ ತನ್ನ ವ್ರತಕ್ಕಾಗಿ ಅಷ್ಟೂ ಪ್ರಜೆಗಳನ್ನು ಇನ್ನೊಬ್ಬರ ಕೈಗೆ ಒಪ್ಪಿಸುವ ಹಕ್ಕು ಅವನಿಗೆ ಎಲ್ಲಿಂದ ಬಂತು ಎಂದು ಮಾರ್ಗೆಂಥೌ ಕೇಳಿಯೇ ಕೇಳುತ್ತಿದ್ದ. ಕೇಳಬೇಕಾದ ಪ್ರಶ್ನೆಯೇ.

ಈ ವಿವೇಕ ಹೇಡಿತನದ್ದೂ ಆಗಿರಲಿಲ್ಲ. ಜರ್ಮನಿಯಲ್ಲಿ ಹುಟ್ಟಿ, ಯುರೋಪು ಬಿಟ್ಟು ಅಮೆರಿಕ ಸೇರಿದ್ದ ಈ ಯಹೂದಿ ವಿದ್ವಾಂಸ ವಿಯೆಟ್ನಾಂ ಯುದ್ಧವನ್ನು ಬಹಿರಂಗವಾಗಿ ವಿರೋಧಿಸಿದ. ಶಾಂತಿವಾದಿಯಾಗಿ ವಿರೋಧಿಸಿದ್ದಲ್ಲ, ಅಮೆರಿಕದ ಹಿತ ಅಲ್ಲಿಲ್ಲ, ತೆರುವ ಬೆಲೆಗೂ ಸಿಗುವುದಕ್ಕೂ ತಾಳೆಯಿಲ್ಲ ಎಂಬ ಲೆಕ್ಕದಿಂದ. ಸರ್ಕಾರಕ್ಕೆ ಸಲಹೆಗಾರನಾಗಿದ್ದವನು ಆ ಸ್ಥಾನ ಕಳೆದುಕೊಂಡ. 1965ರ ಜೂನ್‌ನಲ್ಲಿ ಅಧ್ಯಕ್ಷ ಜಾನ್ಸನ್‌ನ ಭದ್ರತಾ ಸಲಹೆಗಾರ ಮೆಕ್‌ಜಾರ್ಜ್ ಬಂಡಿಯ ಎದುರು ಟಿವಿಯಲ್ಲಿ ವಾದಕ್ಕೆ ಕೂತ.

ಇಲ್ಲಿಯವರೆಗೆ ನನಗೆ ತಕರಾರಿಲ್ಲ. ಕಸಿವಿಸಿ ಶುರುವಾಗುವುದು 1971ರಲ್ಲಿ.

ಹೆನ್ರಿ ಕಿಸಿಂಜರ್ ಕೂಡ ಜರ್ಮನಿಯಿಂದ ಬಂದ ಯಹೂದಿಯೇ, ರಾಷ್ಟ್ರಹಿತದ ಭಾಷೆಯನ್ನೇ ಬಲ್ಲವನು. ನೆಪೋಲಿಯನ್ ನಂತರದ ಯುರೋಪಿನ ಶಕ್ತಿ ಸಮತೋಲನದ ಮೇಲೆ ‘ಎ ವರ್ಲ್ಡ್ ರಿಸ್ಟೋರ್ಡ್’ ಎಂಬ ಪುಸ್ತಕವನ್ನೂ ಬರೆದಿದ್ದ. ಅವನಿಗೂ ಅಧ್ಯಕ್ಷ ನಿಕ್ಸನ್‌ಗೂ ಆಗ ಚೀನಾದ ಬಾಗಿಲು ತೆರೆಯಬೇಕಿತ್ತು, ದಾರಿ ಪಾಕಿಸ್ತಾನದ ಮೂಲಕ ಹಾದುಹೋಗುತ್ತಿತ್ತು. ಹಾಗಾಗಿ ಯಾಹ್ಯಾ ಖಾನ್‌ನ ಸೈನ್ಯ ಪೂರ್ವ ಬಂಗಾಳದಲ್ಲಿ ನಡೆಸಿದ ಹತ್ಯೆಗಳ ಬಗ್ಗೆ ವಾಷಿಂಗ್ಟನ್ ಬಾಯಿ ಬಿಡಲಿಲ್ಲ. ಸುಮಾರು 1 ಕೋಟಿ ನಿರಾಶ್ರಿತರು ಗಡಿ ದಾಟಿ ಭಾರತಕ್ಕೆ ಬಂದರು. ಪರಿಣಾಮಗಳನ್ನು ತೂಗಿದ್ದೇವೆ ಎಂದು ಕಿಸಿಂಜರ್ ಹೇಳಬಹುದಿತ್ತು, ಸುಳ್ಳೂ ಆಗುತ್ತಿರಲಿಲ್ಲ. ಆದರೆ ತಕ್ಕಡಿಯ ಮೇಲೆ ಯಾರನ್ನು ಇಟ್ಟಿದ್ದರು? ಢಾಕಾದ ಸತ್ತವರು ಅಮೆರಿಕದ ಸುಪರ್ದಿನಲ್ಲಿರಲಿಲ್ಲ. ಯಾವ ಪ್ರಭುತ್ವದ ಸುಪರ್ದಿನಲ್ಲಿದ್ದರೋ ಅದೇ ಅವರನ್ನು ಕೊಲ್ಲುತ್ತಿತ್ತು. ಮಾರ್ಗೆಂಥೌನ ವಾದದಲ್ಲಿ ಇಂಥವರ ಪರವಾಗಿ ಮಾತಾಡಬೇಕಾದವರು ಯಾರು ಎಂದು ಹುಡುಕಿದರೆ ನನಗೆ ಸ್ಪಷ್ಟ ಉತ್ತರ ಸಿಗುವುದಿಲ್ಲ.

ಮಾತಾಡಿದವನು ಢಾಕಾದಲ್ಲಿದ್ದ ಅಮೆರಿಕದ ಕಾನ್ಸಲ್ ಜನರಲ್ ಆರ್ಚರ್ ಬ್ಲಡ್. ಏಪ್ರಿಲ್ 6ರಂದು ಅವನ ಕಚೇರಿಯಿಂದ ಹೋದ ಭಿನ್ನಮತದ ತಂತಿಗೆ 20 ಅಧಿಕಾರಿಗಳ ಸಹಿಯಿತ್ತು. ಅದರಲ್ಲಿ ಕರುಣೆಯ ಮೊರೆ ಮಾತ್ರವಿರಲಿಲ್ಲ. ಈ ಧೋರಣೆಯಿಂದ ನೀತಿಗೂ ಲಾಭವಿಲ್ಲ, ದೇಶದ ಹಿತಕ್ಕೂ ಲಾಭವಿಲ್ಲ ಎಂದು ಅದು ವಾದಿಸಿತ್ತು. ವಿಯೆಟ್ನಾಂ ಕುರಿತು ಮಾರ್ಗೆಂಥೌ ಆಡಿದ್ದ ಭಾಷೆಯೇ ಸರಿಸುಮಾರು ಇಲ್ಲಿಯೂ ಇತ್ತು. ಜುಲೈನಲ್ಲಿ ಕಿಸಿಂಜರ್ ಪಾಕಿಸ್ತಾನದಿಂದ ಗುಟ್ಟಾಗಿ ಬೀಜಿಂಗ್‌ಗೆ ಹಾರಿದ. ಬ್ಲಡ್‌ಗೆ ಢಾಕಾದಿಂದ ಎತ್ತಂಗಡಿಯಾಯಿತು.