ಕರ್ತೃವಿಲ್ಲದ ರಚನೆ

ಅಚ್ಚುಕಟ್ಟಾದ ರಚನೆಯೊಂದು ಕಣ್ಣಿಗೆ ಬಿದ್ದಾಗ ಅದನ್ನು ರಚಿಸಿದವರು ಯಾರೆಂದು ಕೇಳುವುದು ಮನುಷ್ಯಬುದ್ಧಿಯ ಸ್ವಭಾವ. ಈ ಸ್ವಭಾವವನ್ನೇ ಆಧಾರವಾಗಿ ಹಿಡಿದು ವೇದಾಂತಿಗಳು ಬ್ರಹ್ಮಸೂತ್ರದ ಎರಡನೆಯ ಅಧ್ಯಾಯದ ಎರಡನೆಯ ಪಾದದ ಆರಂಭದಲ್ಲಿ ಸಾಂಖ್ಯರನ್ನು ಎದುರಿಸಿದರು. ಅಚೇತನವಾದ ಪ್ರಧಾನವು, ಎಂದರೆ ಮೂಲಪ್ರಕೃತಿಯು, ಯಾವ ಚೇತನದ ನೆರವೂ ಇಲ್ಲದೆ ತಾನೇ ತಾನಾಗಿ ಜಗತ್ತಿನ ಆಕಾರವನ್ನು ತಾಳಿತೆಂಬ ಸಾಂಖ್ಯವಾದವು ನಿಲ್ಲಲಾರದು, ಏಕೆಂದರೆ ಲೋಕದಲ್ಲಿ ಮನೆಯಾಗಲಿ ಮಂಚವಾಗಲಿ ಬುದ್ಧಿವಂತನಾದ ಶಿಲ್ಪಿಯ ಕೈಗೆಲಸವಿಲ್ಲದೆ ಆದುದನ್ನು ಕಂಡವರಿಲ್ಲ ಎಂಬುದು ಶಂಕರಾಚಾರ್ಯರು ತಮ್ಮ ಭಾಷ್ಯದಲ್ಲಿ ಒಡ್ಡುವ ಯುಕ್ತಿ. ರಚನಾನುಪಪತ್ತಿಯೆಂದು ಶಾಸ್ತ್ರದಲ್ಲಿ ಹೆಸರಾದ ಈ ಯುಕ್ತಿಗೆ, ಸಾವಿರಕ್ಕೂ ಮಿಕ್ಕ ವರ್ಷಗಳ ತರುವಾಯ, ದೇವರ ವಿಚಾರವಾಗಿ ಮಾತನಾಡುವ ಉದ್ದೇಶವೇ ಇಲ್ಲದ ರಸಾಯನಶಾಸ್ತ್ರಜ್ಞರು ‘ಸೆಲ್ಫ್-ಅಸೆಂಬ್ಲಿ’ ಎಂಬ ಹೆಸರಿನಲ್ಲಿ ಒಂದು ಪ್ರತ್ಯುದಾಹರಣೆಯನ್ನು ತಂದು ನಿಲ್ಲಿಸಿದ್ದಾರೆ. ನ್ಯಾನೋ ತಂತ್ರಜ್ಞಾನದ ಈ ಪರಿಭಾಷೆಯನ್ನು ನಾವು ಸ್ವಯಂಸಂಯೋಜನೆ ಎನ್ನೋಣ. ಅದರ ಅರ್ಥವ್ಯಾಪ್ತಿ ಎಷ್ಟು, ಅದು ಕರ್ತೃವನ್ನು ನಿಜವಾಗಿಯೂ ತೊಡೆದುಹಾಕುತ್ತದೆಯೆ ಅಥವಾ ಬೇರೊಂದೆಡೆಗೆ ಸರಿಸಿ ಸುಮ್ಮನಾಗುತ್ತದೆಯೆ ಎಂಬುದು ಇಲ್ಲಿಯ ವಿಚಾರ.

ಮೊದಲು ಪದದ ಬಿಗಿಯಾದ ಅರ್ಥವನ್ನು ನೋಡತಕ್ಕದ್ದು. ಆಗಲೇ ಸಿದ್ಧವಾಗಿ, ಬಿಡಿಬಿಡಿಯಾಗಿ ಚೆದುರಿಕೊಂಡಿರುವ ಘಟಕಗಳು, ಒಂದೊಂದನ್ನೂ ಎತ್ತಿ ತಕ್ಕ ಎಡೆಯಲ್ಲಿರಿಸುವ ಹೊರಗಿನ ಕೈಯಿಲ್ಲದೆ, ತಮ್ಮತಮ್ಮೊಳಗಿನ ಆಕರ್ಷಣ ವಿಕರ್ಷಣಗಳಿಂದಲೂ ಸುತ್ತಣ ಮಾಧ್ಯಮದ ಪ್ರಭಾವದಿಂದಲೂ ನಿಯತವಾದ ಒಂದು ಆಕೃತಿಗೆ ಬಂದು ನೆಲೆಗೊಂಡರೆ, ಅದು ಸ್ವಯಂಸಂಯೋಜನೆ. ನ್ಯಾನೋ ತಂತ್ರಜ್ಞಾನದಲ್ಲಿ ಈ ಘಟಕಗಳ ಅಳತೆ ಸಾಮಾನ್ಯವಾಗಿ ಕೆಲವೇ ನ್ಯಾನೋಮೀಟರು. ಮೀಟರಿನ ನೂರು ಕೋಟಿಯಲ್ಲೊಂದು ಪಾಲಿಗೆ ಆ ಹೆಸರು. ಇದನ್ನು ಕಾಣಲು ಪ್ರಯೋಗಶಾಲೆಗೇ ಹೋಗಬೇಕೆಂದಿಲ್ಲ, ಬಚ್ಚಲಮನೆಯೂ ಆದೀತು. ಶಾಂಪೂ, ಟೂತ್‌ಪೇಸ್ಟುಗಳಲ್ಲಿ ಬೆರೆಸುವ ಸೋಡಿಯಂ ಡೋಡೆಸಿಲ್ ಸಲ್ಫೇಟೆಂಬ ವಸ್ತುವಿನ ಅಣುವಿಗೆ ನೀರನ್ನು ಒಲ್ಲದ ಉದ್ದನೆಯ ಬಾಲವೂ ನೀರನ್ನು ಬಯಸುವ ತಲೆಯೂ ಇವೆ. ಲೀಟರು ನೀರಿಗೆ ಸುಮಾರು 2.3 ಗ್ರಾಮಿಗಿಂತ ಕಡಮೆ ಹಾಕಿದಾಗ ಅಣುಗಳು ಒಂಟೊಂಟಿಯಾಗಿ ಅಲೆಯುತ್ತಿರುತ್ತವೆ. ಆ ಮೇರೆಯನ್ನು ದಾಟಿದೊಡನೆ ಸುಮಾರು 60 ಅಣುಗಳು ಒಟ್ಟುಗೂಡಿ, ಬಾಲಗಳನ್ನು ಒಳಕ್ಕೂ ತಲೆಗಳನ್ನು ಹೊರಕ್ಕೂ ಮಾಡಿಕೊಂಡು, ನಾಲ್ಕೈದು ನ್ಯಾನೋಮೀಟರಿನ ಉಂಡೆಗಳಾಗುತ್ತವೆ. ತಲೆಗೂದಲಿನ ಜಿಡ್ಡು ಅಡಗಿ ತೊಳೆದುಹೋಗುವುದು ಈ ಉಂಡೆಗಳ ಹೊಟ್ಟೆಯಲ್ಲಿಯೇ.

ಬಾಲಗಳು ಪರಸ್ಪರ ಮೋಹದಿಂದ ಕೂಡಿಕೊಂಡವೆಂದು ಎಣಿಸಿದರೆ ತಪ್ಪಾಗುತ್ತದೆ. ಇಲ್ಲಿಯ ವ್ಯವಹಾರದ ಬಹುಭಾಗ ನಡೆಯುವುದು ನೀರಿನಲ್ಲಿ. ನೀರಿನ ಅಣುಗಳು ಎಣ್ಣೆಯಂಥ ಬಾಲವೊಂದನ್ನು ಸುತ್ತುವರಿದಾಗ ತಮ್ಮ ಸ್ವಚ್ಛಂದವಾದ ಹೊರಳಾಟವನ್ನು ಕಳೆದುಕೊಂಡು ಒಂದು ಬಗೆಯ ಕಟ್ಟಿಗೆ ಒಳಪಡಬೇಕಾಗುತ್ತದೆ. ಬಾಲಗಳು ಒಂದೆಡೆ ಸೇರಿದರೆ ಆ ಕಟ್ಟು ಕಳಚಿ ನೀರಿನ ಅಣುಗಳಿಗೆ ಬಿಡುಗಡೆ ದೊರೆಯುತ್ತದೆ. ಉಂಡೆಯಲ್ಲಿ ಹೆಚ್ಚಿದ ಕ್ರಮಕ್ಕಿಂತ ನೀರಿನಲ್ಲಿ ಹೆಚ್ಚಿದ ಅಕ್ರಮವೇ ಅಧಿಕವಾದುದರಿಂದ ಒಟ್ಟು ಲೆಕ್ಕದಲ್ಲಿ ಉಷ್ಣಶಾಸ್ತ್ರದ ನಿಯಮಕ್ಕೆ ಭಂಗವಿಲ್ಲ. ರಚನೆಯನ್ನೇ ದಿಟ್ಟಿಸಿ ನೋಡುವವನಿಗೆ ಇದು ಪವಾಡವಾಗಿ ಕಾಣುವುದೂ, ಸುತ್ತಲಿನ ನೀರನ್ನೂ ಸೇರಿಸಿ ನೋಡುವವನಿಗೆ ಸಾಮಾನ್ಯ ಘಟನೆಯಾಗಿ ಕಾಣುವುದೂ ಇದರಿಂದಲೇ.

ಉಂಡೆಯಾಗುವುದೇನು ಮಹಾ ರಚನೆಯೆಂದು ವೇದಾಂತಿಯು ಮೂಗು ಮುರಿಯಬಹುದು. ಅವನ ಮುಂದೆ ಇರಿಸಬೇಕಾದುದು, ಹೊಗೆಸೊಪ್ಪಿನ ಎಲೆಯಲ್ಲಿ ತಿಳಿಹಸುರು ಕಡುಹಸುರಿನ ಮಚ್ಚೆಗಳನ್ನೆಬ್ಬಿಸುವ ಮೊಸಾಯಿಕ್ ರೋಗದ ವೈರಸ್ಸು. 300 ನ್ಯಾನೋಮೀಟರು ಉದ್ದ, 18 ನ್ಯಾನೋಮೀಟರು ದಪ್ಪದ ಈ ಕಡ್ಡಿಯ ನಡುವೆ ಸುಮಾರು 6400 ಅಕ್ಷರಗಳಷ್ಟು ನೀಳವಾದ ಆರ್‌ಎನ್‌ಎ ಎಳೆಯೊಂದು ಸುರುಳಿಯಾಗಿದ್ದು, ಅದರ ಸುತ್ತ ಒಂದೇ ಅಚ್ಚಿನ ಸುಮಾರು 2130 ಪ್ರೋಟೀನು ಘಟಕಗಳು ಸುರುಳಿಮೆಟ್ಟಿಲಿನ ಕ್ರಮದಲ್ಲಿ ಹೊಂದಿಕೊಂಡಿರುತ್ತವೆ. 1955ರಲ್ಲಿ ಕ್ಯಾಲಿಫೋರ್ನಿಯದ ಬರ್ಕ್ಲಿಯಲ್ಲಿ ಹೈಂಜ್ ಫ್ರೆಂಕೆಲ್-ಕಾನ್ರಟ್ ಮತ್ತು ರಾಬ್ಲಿ ವಿಲಿಯಮ್ಸ್ ಎಂಬ ವಿದ್ವಾಂಸರು ಈ ವೈರಸ್ಸಿನಿಂದ ಪ್ರೋಟೀನನ್ನು ಬೇರೆಯಾಗಿಯೂ ಆರ್‌ಎನ್‌ಎಯನ್ನು ಬೇರೆಯಾಗಿಯೂ ಪಡೆದು, ಅವೆರಡನ್ನೂ ತಕ್ಕ ದ್ರಾವಣದಲ್ಲಿ ಮತ್ತೆ ಬೆರೆಸಿದರು. ಬೆರೆಸಿದುದಷ್ಟೇ ಅವರ ಕೆಲಸ. ಯಾವ ಘಟಕವು ಎಲ್ಲಿ ಕೂರಬೇಕೆಂದು ಯಾರೂ ಹೇಳಲಿಲ್ಲ. ದ್ರಾವಣದಲ್ಲಿ ಪೂರ್ವದ ಕಡ್ಡಿಗಳೇ ಪುನಃ ಮೂಡಿದುವು, ಮತ್ತು ಅವು ಎಲೆಗೆ ರೋಗವನ್ನೂ ತಗುಲಿಸಿದುವು. ತರುವಾಯ ತಿಳಿದುಬಂದ ಇನ್ನೊಂದು ಸಂಗತಿ ನನಗೆ ಇದಕ್ಕಿಂತಲೂ ಹೆಚ್ಚು ಅರ್ಥವತ್ತಾಗಿ ತೋರುತ್ತದೆ. ಆರ್‌ಎನ್‌ಎ ಇಲ್ಲದೆ ಪ್ರೋಟೀನೊಂದನ್ನೇ ತುಸು ಆಮ್ಲೀಯವಾದ ನೀರಿನಲ್ಲಿಟ್ಟರೂ ಸುರುಳಿಕಡ್ಡಿಗಳಾಗುತ್ತವೆ, ಆದರೆ ಒಂದೊಂದು ಕಡ್ಡಿ ಒಂದೊಂದು ಉದ್ದ. ಎಲ್ಲಿಗೆ ನಿಲ್ಲಬೇಕೆಂಬುದನ್ನು ಪ್ರೋಟೀನು ತಿಳಿಯದು. ಎಳೆ ಮುಗಿದಲ್ಲಿ ಕಡ್ಡಿಯೂ ಮುಗಿಯುತ್ತದೆ. ಹೀಗೆ ಆಕಾರವು ಒಂದು ಘಟಕದಲ್ಲಿಯೂ ಪ್ರಮಾಣವು ಇನ್ನೊಂದರಲ್ಲಿಯೂ ಹಂಚಿಹೋಗಿದ್ದು, ಇಡೀ ವೈರಸ್ಸಿನ ನಕ್ಷೆ ಯಾವ ಒಂದೆಡೆಯಲ್ಲಿಯೂ ಇರದೆ, ಎರಡೂ ಕೂಡಿದಾಗ ಮಾತ್ರ ಪೂರ್ಣವಾಗುತ್ತದೆ.

ಇಂಥ ಸಂಯೋಜನೆ ಸಾಧ್ಯವಾಗಬೇಕಾದರೆ ಘಟಕಗಳ ನಡುವಣ ಬಂಧವು ದುರ್ಬಲವಾಗಿರಬೇಕು. ಬಲವಾದ ಬಂಧದಿಂದಲೇ ಒಳ್ಳೆಯ ಕಟ್ಟಡವೆಂದು ನಂಬಿದವರಿಗೆ ಇದು ವಿಚಿತ್ರವಾಗಿ ತೋರಬಹುದು. ಕೊಠಡಿಯ ಉಷ್ಣದಲ್ಲಿ ನೀರಿನೊಳಗಿನ ಅಣುಗಳೆಲ್ಲ ಎಡೆಬಿಡದೆ ಒಂದನ್ನೊಂದು ತಾಡಿಸುತ್ತಿರುತ್ತವೆ. ತಪ್ಪಾದ ಎಡೆಯಲ್ಲಿ ಬಂದು ಕುಳಿತ ಘಟಕವನ್ನು ಈ ತಾಡನವು ಎಬ್ಬಿಸಿ ಕಳುಹಿಸಬಲ್ಲಷ್ಟು ಸಡಿಲವಾಗಿಯೂ, ಸರಿಯಾದ ಎಡೆಯಲ್ಲಿ ನಾಲ್ಕೂ ಕಡೆಯ ನೆರೆಯವರೊಡನೆ ಹೊಂದಿಕೊಂಡು ಕುಳಿತುದನ್ನು ಎಬ್ಬಿಸಲಾರದಷ್ಟು ಬಿಗಿಯಾಗಿಯೂ ಬಂಧವಿರಬೇಕು. ಬಂಧವು ಬಲವಾದುದಾದರೆ ಮೊದಲ ತಪ್ಪೇ ಶಾಶ್ವತವಾಗಿ, ರಚನೆಯ ಬದಲು ಮುದ್ದೆಯೊಂದು ಉಳಿಯುತ್ತದೆ. ಇದಕ್ಕೆ ಎದುರಾದ ದಾರಿಯೂ ಉಂಟು. 1989ರಲ್ಲಿ ಐಬಿಎಂ ಸಂಸ್ಥೆಯ ಡಾನ್ ಐಗ್ಲರ್ ಸೂಕ್ಷ್ಮದರ್ಶಕದ ಮೊನೆಯಿಂದ 35 ಜೆನಾನ್ ಪರಮಾಣುಗಳನ್ನು ನಿಕ್ಕಲಿನ ಮೇಲೆ ಒಂದೊಂದಾಗಿ ಸರಿಸಿ ಸಂಸ್ಥೆಯ ಹೆಸರನ್ನು ಬರೆದದ್ದು ಪ್ರಸಿದ್ಧವಾಗಿದೆ. ಕರ್ತೃವಿನ ಕೈ ಪರಮಾಣುವಿನ ಮಟ್ಟಕ್ಕೂ ಇಳಿಯಬಲ್ಲುದೆಂಬುದಕ್ಕೆ ಅದು ಸಾಕ್ಷಿ. ಆದರೆ ಆ ಕೈ ಕೆಲಸ ಮಾಡಬೇಕಾದರೆ ಎಲ್ಲವನ್ನೂ ಶೂನ್ಯಕ್ಕಿಂತ ಸುಮಾರು 269 ಡಿಗ್ರಿ ಸೆಲ್ಸಿಯಸ್ ಕೆಳಕ್ಕೆ ತಣಿಸಿ ಪರಮಾಣುಗಳ ಚಲನೆಯನ್ನು ಅಡಗಿಸಬೇಕಾಯಿತು. ಕೈಯಿಂದ ಕಟ್ಟುವವನಿಗೆ ಯಾವ ಚಲನೆಯು ಶತ್ರುವೋ, ಕೈಯಿಲ್ಲದೆ ಕಟ್ಟಿಕೊಳ್ಳುವ ವ್ಯವಸ್ಥೆಗೆ ಅದೇ ಆಧಾರ.

ಈ ಚಲನೆಯ ವಿಚಾರದಲ್ಲಿ ನಮ್ಮ ದರ್ಶನಗಳಲ್ಲಿ ಇನ್ನೊಂದು ವಾಗ್ವಾದವಿದೆ. ಪರಮಾಣುಗಳೆರಡು ಕೂಡಿ ದ್ವ್ಯಣುಕವಾಗಿ, ದ್ವ್ಯಣುಕಗಳು ಮೂರು ಕೂಡಿ ತ್ರ್ಯಣುಕವಾಗಿ ಜಗತ್ತು ಬೆಳೆಯಿತೆಂದು ವೈಶೇಷಿಕರು ಹೇಳಿದಾಗ, ಹಾಗೆ ಕೂಡಲು ಬೇಕಾದ ಮೊದಲ ಚಲನೆಯು ಎಲ್ಲಿಂದ ಬಂತೆಂದು ಶಂಕರಾಚಾರ್ಯರು ಕೇಳಿದರು. ಅದೃಷ್ಟವೆಂಬ ಕಾಣದ ಕರ್ಮಶಕ್ತಿಯಿಂದ ಬಂತೆನ್ನುವುದಾದರೆ ಅದೂ ಅಚೇತನವೇ ಆಗಿರುವುದರಿಂದ ಪ್ರಶ್ನೆ ಅಲ್ಲಿಯೇ ಉಳಿಯಿತೆಂದರು. ಅಷ್ಟಕ್ಕೇ ಬಿಡದೆ ಮುಂದುವರಿದು, ಪರಮಾಣುಗಳು ಸ್ವಭಾವತಃ ಪ್ರವೃತ್ತಿಯುಳ್ಳವಾದರೆ ಪ್ರಳಯವೆಂಬುದು ಆಗಲಾರದು, ನಿವೃತ್ತಿಯುಳ್ಳವಾದರೆ ಸೃಷ್ಟಿಯಾಗಲಾರದು, ಎರಡು ಸ್ವಭಾವಗಳೂ ಒಂದರಲ್ಲಿಯೇ ಇವೆಯೆಂಬುದು ವಿರೋಧವೆಂದು ಅವರು ಕಟ್ಟಿದ ತರ್ಕವು ಆ ಕಾಲಕ್ಕೆ ದುರ್ಭೇದ್ಯವಾದುದೇ ಸರಿ. ಆದರೆ ಸ್ವಯಂಸಂಯೋಜನೆಯು ನಿಂತಿರುವುದು ಈ ಮೂರನೆಯ, ವಿರೋಧವೆಂದು ತಳ್ಳಿಹಾಕಲ್ಪಟ್ಟ ಪಕ್ಷದ ಮೇಲೆ. ಉಷ್ಣದಿಂದ ಉಂಟಾಗುವ ಒಂದೇ ಚಲನೆಯು ಘಟಕಗಳನ್ನು ಕೂಡಿಸುತ್ತಲೂ ಅಗಲಿಸುತ್ತಲೂ ಇರುತ್ತದೆ. ಕೂಡುವಿಕೆ ಮೇಲಾಗುವುದೋ ಅಗಲಿಕೆ ಮೇಲಾಗುವುದೋ ಎಂಬುದು ಉಷ್ಣತೆ, ಸಾಂದ್ರತೆ, ದ್ರಾವಣದ ಆಮ್ಲತೆ ಮೊದಲಾದುವನ್ನು ಅವಲಂಬಿಸಿದೆ. ಮೊದಲ ಚಲನೆಯ ಕಾರಣವನ್ನು ಹುಡುಕುವ ಆವಶ್ಯಕತೆಯೂ ಇಲ್ಲಿಲ್ಲ, ಏಕೆಂದರೆ ಉಷ್ಣವಿರುವಲ್ಲಿ ಅಣುಗಳು ನಿಶ್ಚಲವಾಗಿರುವ ಕ್ಷಣವೇ ಇಲ್ಲ. ಇದನ್ನು ಓದಿ, ವೈಶೇಷಿಕ ಸೂತ್ರಕಾರರಾದ ಕಣಾದ ಮಹರ್ಷಿಗಳಿಗೆ ನ್ಯಾನೋ ತಂತ್ರಜ್ಞಾನವು ತಿಳಿದಿತ್ತೆಂದು ಯಾರಾದರೂ ಉಬ್ಬಿಹೋಗುವುದಾದರೆ, ಅವರನ್ನು ತಡೆಯಬೇಕಾದುದು ನನ್ನ ಕರ್ತವ್ಯ. ವೈಶೇಷಿಕರ ಪರಮಾಣುವು ನಿರವಯವವಾದ ನಿತ್ಯದ್ರವ್ಯ, ರಸಾಯನಶಾಸ್ತ್ರದ ಪರಮಾಣುವು ಒಡೆಯಬಲ್ಲ ಸಾವಯವ ವಸ್ತು. ಪ್ರಶ್ನೆಯೊಂದು ಹಳೆಯದಾದ ಮಾತ್ರಕ್ಕೆ ಉತ್ತರವೂ ಹಳೆಯದೆನ್ನುವ ನ್ಯಾಯವಿಲ್ಲ.

ಇನ್ನು ಕರ್ತೃವಿನ ಮಾತು. ನೈಯಾಯಿಕರು ಬಟ್ಟೆಯೊಂದಕ್ಕೆ ನೂಲೆಳೆಗಳನ್ನು ಸಮವಾಯಿಕಾರಣವೆಂದೂ, ಎಳೆಗಳ ಪರಸ್ಪರ ಸಂಯೋಗವನ್ನು ಅಸಮವಾಯಿಕಾರಣವೆಂದೂ, ನೇಯ್ಗೆಯವನನ್ನೂ ಅವನ ಲಾಳಿಯನ್ನೂ ನಿಮಿತ್ತಕಾರಣವೆಂದೂ ವಿಂಗಡಿಸುತ್ತಾರೆ. ಸ್ವಯಂಸಂಯೋಜನೆಯಲ್ಲಿ ಮೊದಲಿನೆರಡು ಹಾಗೆಯೇ ಉಳಿದು, ಮೂರನೆಯದು ಬರಿಯ ಉಷ್ಣಚಲನೆಯಾಗಿ ತೆಳುವಾಗಿಬಿಡುತ್ತದೆಂದು ಮೇಲುನೋಟಕ್ಕೆ ಹೇಳಬಹುದು. ಆದರೆ 2006ರಲ್ಲಿ ಅಮೆರಿಕದ ಪಾಲ್ ರಾದೆಮುಂಡ್ ಪ್ರಕಟಿಸಿದ ಡಿಎನ್‌ಎ ಒರಿಗಾಮಿಯನ್ನು ನೋಡಿರಿ. ವೈರಸ್ಸೊಂದರಿಂದ ಪಡೆದ, ಏಳು ಸಾವಿರಕ್ಕೂ ಮಿಕ್ಕ ಅಕ್ಷರಗಳುಳ್ಳ ಉದ್ದನೆಯ ಡಿಎನ್‌ಎ ಎಳೆಗೆ ಇನ್ನೂರಕ್ಕೂ ಹೆಚ್ಚು ತುಂಡೆಳೆಗಳನ್ನು ಸೇರಿಸಿ, 95 ಡಿಗ್ರಿಗೆ ಕಾಯಿಸಿ, ಎರಡು ಗಂಟೆಯೊಳಗೆ 20 ಡಿಗ್ರಿಗೆ ತಣಿಸಿದಾಗ, ಒಂದೊಂದು ತುಂಡೂ ತನಗೆ ಪೂರಕವಾದ ಅಕ್ಷರಗಳಿರುವ ಎರಡು ಮೂರು ಎಡೆಗಳನ್ನು ಹಿಡಿದು ಹತ್ತಿರಕ್ಕೆಳೆದು, ಉದ್ದನೆಯ ಎಳೆಯು ಚೌಕವಾಗಿಯೋ ನಕ್ಷತ್ರವಾಗಿಯೋ ನಗುಮುಖವಾಗಿಯೋ ಮಡಿಚಿಕೊಂಡಿತು. ನಗುಮುಖದ ಅಗಲ ಸುಮಾರು 100 ನ್ಯಾನೋಮೀಟರು. ಒಂದು ಹನಿಯಲ್ಲಿ ಅಂಥವು ಕೋಟ್ಯಂತರ. ಮಡಿಚುವ ವೇಳೆಯಲ್ಲಿ ಯಾರ ಕೈಯೂ ಅಲ್ಲಿರಲಿಲ್ಲವೆಂಬುದು ನಿಜ, ಆದರೆ ಯಾವ ತುಂಡಿನಲ್ಲಿ ಯಾವ ಅಕ್ಷರಗಳಿರಬೇಕೆಂಬುದನ್ನು ಕಂಪ್ಯೂಟರಿನ ಮುಂದೆ ಕುಳಿತು ಮೊದಲೇ ಗೊತ್ತುಮಾಡಿದವನೊಬ್ಬನಿದ್ದನು. ನಿಮಿತ್ತಕಾರಣವು ಇಲ್ಲಿ ಅಳಿದಿಲ್ಲ. ಸಂಯೋಗದ ಗಳಿಗೆಯಿಂದ ಹಿಂದಕ್ಕೆ ಸರಿದು ಘಟಕಗಳ ಯೋಗ್ಯತೆಯಲ್ಲಿ ಅಡಗಿ ಕುಳಿತಿದೆ.

ಹೊಗೆಸೊಪ್ಪಿನ ವೈರಸ್ಸಿನಲ್ಲಿಯೂ ಘಟಕಗಳಿಗೆ ಅಂಥದೇ ಯೋಗ್ಯತೆಯಿದೆ, ಅದನ್ನು ಗೊತ್ತುಮಾಡಿದ ವ್ಯಕ್ತಿ ಮಾತ್ರ ಇಲ್ಲ. ಅಲ್ಲಿ ಆ ಸ್ಥಾನವನ್ನು ತುಂಬಿರುವುದು, ಸರಿಯಾಗಿ ಹೊಂದದ ಘಟಕಗಳನ್ನು ತಲೆತಲಾಂತರಗಳಿಂದ ಸೋಸಿಹಾಕುತ್ತ ಬಂದ ವಿಕಾಸವೆಂಬ ಇತಿಹಾಸ. ಆದುದರಿಂದ ರಚನೆಯನ್ನು ಕಂಡು ಕರ್ತೃವನ್ನು ಊಹಿಸುವ ಅನುಮಾನದಲ್ಲಿ ವೇದಾಂತಿಯ ವ್ಯಾಪ್ತಿ ಮುರಿಯಿತೆಂದೇ ನನ್ನ ಮತ, ಚೇತನವಿಲ್ಲದೆಯೂ ರಚನೆಯಾಗುವುದುಂಟು. ಆದರೆ ಈ ಘಟಕಗಳಿಗೆ ಈ ಯೋಗ್ಯತೆ ಎಲ್ಲಿಂದ ಬಂತೆಂದು ಅವನು ಮತ್ತೊಮ್ಮೆ ಕೇಳಿದರೆ, ಆ ಕೇಳಿಕೆಯನ್ನು ಅಪ್ರಾಮಾಣಿಕವೆನ್ನಲಾಗದು, ಮತ್ತು ಪ್ರತಿಯೊಂದು ಉದಾಹರಣೆಯಲ್ಲಿಯೂ ಅದಕ್ಕೆ ಬೇರೆಬೇರೆಯಾದ ಉತ್ತರವನ್ನು ಕೊಡಬೇಕಾಗುತ್ತದೆ.

ಪದದ ಬಳಕೆಯಲ್ಲಿ ಶೈಥಿಲ್ಯವೂ ಸೇರಿಕೊಂಡಿದೆ. ಉರಿಯುವ ದೀಪದ ಕುಡಿ, ಹರಿವ ನೀರಿನ ಸುಳಿ ಮೊದಲಾದುವೂ ತಾವಾಗಿ ಆಕಾರ ತಾಳುತ್ತವೆ, ಆದರೆ ಎಣ್ಣೆಯೋ ಹರಿವೋ ನಿಂತೊಡನೆ ಅಳಿಯುತ್ತವೆ. ಇಲ್ಯ ಪ್ರಿಗೋಜಿನ್ 1977ರಲ್ಲಿ ನೊಬೆಲ್ ಬಹುಮಾನ ಪಡೆದುದು ಇಂಥ ವ್ಯವಸ್ಥೆಗಳ ವಿವೇಚನೆಗಾಗಿ. ಸೀಸೆಯಲ್ಲಿ ಸುಮ್ಮನೆ ಇಟ್ಟರೂ ಉಳಿಯುವ ವೈರಸ್ಸಿನ ಕಡ್ಡಿಯನ್ನು ಇವುಗಳೊಡನೆ ಒಂದೇ ಗೂಡಿನಲ್ಲಿ ಇರಿಸುವುದಾದರೆ ಭೇದವನ್ನಾದರೂ ಹೇಳಿ ಇರಿಸಬೇಕು. ಜೀವಿಯಂತೂ ಇನ್ನೂ ಬೇರೆ. ಗಡಿಯಾರದ ಒಂದು ಚಕ್ರವು ಇನ್ನೊಂದನ್ನು ತಿರುಗಿಸಬಲ್ಲುದೇ ಹೊರತು ಹುಟ್ಟಿಸಲಾರದು, ಜೀವಿಯಲ್ಲಾದರೋ ಅಂಗಗಳು ಪರಸ್ಪರವನ್ನು ಉತ್ಪಾದಿಸುತ್ತವೆಂದು ಇಮ್ಯಾನುಯೆಲ್ ಕಾಂಟ್ 1790ರಲ್ಲಿಯೇ ಗೆರೆಯೆಳೆದಿದ್ದನು. ಆ ಗೆರೆಯಿಂದ ಅಳೆದರೆ ನಮ್ಮ ವೈರಸ್ಸು ಕೂಡ ಗಡಿಯಾರದ ಪಕ್ಷಕ್ಕೇ ಸೇರೀತು, ಏಕೆಂದರೆ ಅದರ ಪ್ರೋಟೀನನ್ನು ತಯಾರಿಸುವುದು ಹೊಗೆಸೊಪ್ಪಿನ ಜೀವಕೋಶ. ಎರಿಕ್ ಡ್ರೆಕ್ಸ್‌ಲರ್ 1986ರಲ್ಲಿ ಕಲ್ಪಿಸಿದ, ಅಣುಗಳನ್ನು ಯಂತ್ರಬಾಹುಗಳಿಂದ ಎತ್ತಿ ಜೋಡಿಸುತ್ತ ತನ್ನ ಪ್ರತಿಯನ್ನೂ ತಾನೇ ಮಾಡಿಕೊಳ್ಳುವ ‘ಅಸೆಂಬ್ಲರ್’ ಹೆಸರಿನಲ್ಲಿ ಸ್ವಯಂಸಂಯೋಜನೆಯ ನೆಂಟನಂತೆ ಕಂಡರೂ ತತ್ತ್ವದಲ್ಲಿ ಅದಕ್ಕೆ ವಿರುದ್ಧ: ಅದು ಕರ್ತೃವಿನ ಕೈಯನ್ನೇ ಅಣುವಿನ ಅಳತೆಗೆ ಕುಗ್ಗಿಸುವ ಮನೋರಥ. ಆ ಗಾತ್ರದಲ್ಲಿ ಬೆರಳುಗಳೇ ತೀರ ದಪ್ಪ, ಹಿಡಿದುದನ್ನು ಬಿಡಲಾರದಷ್ಟು ಅಂಟು ಎಂದು ನೊಬೆಲ್ ಪುರಸ್ಕೃತ ರಿಚರ್ಡ್ ಸ್ಮಾಲಿ 2001ರಲ್ಲಿ ಆಕ್ಷೇಪಿಸಿದನು. ಆ ಜಗಳದ ವಿವರ ಇಲ್ಲಿ ಬೇಡ.

ಈಚೆಗೆ ಕಂಪ್ಯೂಟರ್ ಚಿಪ್ಪುಗಳನ್ನು ತಯಾರಿಸುವವರು ‘ನಿರ್ದೇಶಿತ ಸ್ವಯಂಸಂಯೋಜನೆ’ ಎಂಬ, ಕೇಳಿದೊಡನೆ ವದತೋವ್ಯಾಘಾತದಂತೆ ತೋರುವ ಪ್ರಯೋಗವನ್ನು ರೂಢಿಗೆ ತಂದಿದ್ದಾರೆ. ಒಂದನ್ನೊಂದು ಸೇರದ ಪಾಲಿಸ್ಟೈರೀನ್ ಮತ್ತು ಪಿಎಂಎಂಎ ಎಂಬ ಎರಡು ಪಾಲಿಮರುಗಳನ್ನು ತುದಿಗೆ ತುದಿ ಕಟ್ಟಿ ಪದರವಾಗಿ ಹರಡಿ ಕಾಯಿಸಿದರೆ, ಅಗಲಬೇಕೆಂದರೂ ದೂರ ಹೋಗಲಾಗದ ಅವು ಕೆಲವು ಹತ್ತು ನ್ಯಾನೋಮೀಟರುಗಳ ಅಂತರದಲ್ಲಿ ಪಟ್ಟೆಪಟ್ಟೆಯಾಗಿ ಬೇರ್ಪಡುತ್ತವೆ. ತಾವಾಗಿಯೇ ಬಿಟ್ಟರೆ ಪಟ್ಟೆಗಳು ಬೆರಳಚ್ಚಿನ ಗೆರೆಗಳಂತೆ ಸೊಟ್ಟಸೊಟ್ಟಾಗಿ ಹೊರಳುವುದರಿಂದ, ಕೆಳಗಿನ ಸಿಲಿಕಾನ್ ಹಲ್ಲೆಯ ಮೇಲೆ ದೂರದೂರಕ್ಕೆ ಕೆಲವು ಮಾರ್ಗದರ್ಶಕ ರೇಖೆಗಳನ್ನು ಮೊದಲೇ ಕೆತ್ತಿರುತ್ತಾರೆ. ಆಗ ನಡುವಣ ರೇಖೆಗಳನ್ನು ಪಾಲಿಮರು ತಾನೇ ನೇರವಾಗಿ ತುಂಬಿಕೊಡುತ್ತದೆ. ನಾಲ್ಕು ರೇಖೆಗಳಲ್ಲಿ ಒಂದನ್ನು ಮನುಷ್ಯನೂ ಮೂರನ್ನು ಪಾಲಿಮರೂ ಎಳೆದಾಗ ಕರ್ತೃತ್ವದ ಪಾಲು ಯಾರಿಗೆಷ್ಟೆಂಬ ಪ್ರಶ್ನೆಗೆ, ಇದೆ ಇಲ್ಲ ಎಂಬ ಎರಡೇ ಕೋಟಿಗಳಲ್ಲಿ ವಾದ ಹೂಡುತ್ತಿದ್ದ ಹಳೆಯ ಶಾಸ್ತ್ರಕಾರರು ಸಿದ್ಧರಾಗಿರಲಿಲ್ಲ. ಕಾರ್ಖಾನೆಯವರಿಗೆ ಆ ಪ್ರಶ್ನೆಯ ಗೊಡವೆಯಿಲ್ಲ. ತಪ್ಪನ್ನು ತಿದ್ದುವ ಅದೇ ಉಷ್ಣಚಲನೆಯು ಅಲ್ಲೊಂದು ಇಲ್ಲೊಂದು ತಪ್ಪನ್ನು ಉಳಿಸಿಯೂ ಬಿಡುವುದರಿಂದ, ಒಂದು ಗೆರೆ ತಪ್ಪಿದರೂ ಕೆಟ್ಟುಹೋಗುವ ಚಿಪ್ಪಿನಲ್ಲಿ ಪಾಲಿಮರಿಗೆ ಎಷ್ಟು ಸಲಿಗೆ ಕೊಡಬಹುದೆಂಬುದೇ ಅವರ ಚಿಂತೆ.