ಹೇಳಿಕೊಂಡದ್ದೂ ಖಾಸಗಿಯೇ

ಬಸ್ಸಿನಲ್ಲಿ ಪಕ್ಕ ಕೂತವರು ಯಾವೂರು, ಮಕ್ಕಳೆಷ್ಟು, ಸಂಬಳವೆಷ್ಟು ಎಂದು ವಿಚಾರಿಸುವುದು ನಮ್ಮಲ್ಲಿ ಅಸಭ್ಯತೆಯಲ್ಲ, ನಾವೂ ಹೇಳಿಬಿಡುತ್ತೇವೆ. ಇಂಥವರಿಗೆ ಖಾಸಗಿತನದ ಪರಿವೆಯೇ ಇಲ್ಲವೆಂದು ಷರಾ ಬರೆಯುವವರಿದ್ದಾರೆ. ನಾಮಕರಣದಿಂದ ಹಿಡಿದು ಆಸ್ಪತ್ರೆಯ ಮಂಚದವರೆಗೆ ಎಲ್ಲದರ ಫೋಟೊವನ್ನು ಫೇಸ್‌ಬುಕ್ಕಿಗೆ ಹಾಕಿ, ಆಮೇಲೆ ಖಾಸಗಿತನದ ಮಾತೆತ್ತುವುದು ಬರೀ ಸೋಗು ಎಂಬ ವಾದವೂ ಅದರ ಬೆನ್ನಿಗೇ ಬರುತ್ತದೆ.

ಈ ವಾದ ಹಳೆಯದು. 1890ರಲ್ಲಿ ಸ್ಯಾಮ್ಯುಯೆಲ್ ವಾರೆನ್ ಮತ್ತು ಲೂಯಿ ಬ್ರಾಂಡೈಸ್ ಎಂಬ ಅಮೆರಿಕದ ವಕೀಲರು ಖಾಸಗಿತನವನ್ನು ತನ್ನ ಪಾಡಿಗೆ ತಾನಿರುವ ಹಕ್ಕು ಎಂದು ಮಂಡಿಸಿದರು. ಕ್ಯಾಮೆರಾ ಮತ್ತು ಗಾಳಿಸುದ್ದಿಯ ಪತ್ರಿಕೆಗಳ ಕಾಟ ಅವರ ಚಿಂತೆಯಾಗಿತ್ತು. ಆದರೆ ವ್ಯಕ್ತಿ ತಾನೇ ಪ್ರಕಟಿಸಿದ ಸಂಗತಿಯ ಮೇಲೆ ಈ ಹಕ್ಕು ಉಳಿಯದು ಎಂದೂ ಅವರೇ ಬರೆದರು. ಅಂದರೆ ಖಾಸಗಿತನ ಒಂದು ಗುಟ್ಟು, ಬಾಯಿಬಿಟ್ಟರೆ ಮುಗಿಯಿತು.

ತತ್ತ್ವಜ್ಞೆ ಹೆಲೆನ್ ನಿಸ್ಸೆನ್‌ಬಾಮ್ ಇದನ್ನು ಒಪ್ಪುವುದಿಲ್ಲ. ಪ್ರತಿ ಮಾಹಿತಿಯೂ ಒಂದು ಸಂದರ್ಭದಲ್ಲಿ ಹುಟ್ಟುತ್ತದೆ. ಯಾರು ಯಾರಿಗೆ, ಯಾವ ನಂಬಿಕೆಯ ಮೇಲೆ ಹೇಳಿದರು ಎಂಬ ಕಟ್ಟುಪಾಡು ಅದರ ಜೊತೆಗೇ ಇರುತ್ತದೆ. ಆ ಕಟ್ಟುಪಾಡು ಮುರಿದಾಗ ಖಾಸಗಿತನ ಮುರಿಯುತ್ತದೆ ಎಂಬುದು ಅವರ ವಾದ. ಡಾಕ್ಟರಿಗೆ ಹೇಳಿದ ಕಾಯಿಲೆ ಗುಟ್ಟಲ್ಲ. ಅದು ಕೆಲಸ ಕೊಡುವವನ ಮೇಜಿಗೆ ಹೋದರೆ ಅನ್ಯಾಯ. ಬಸ್ಸಿನ ವಿಚಾರಣೆ ಕಸಿವಿಸಿ ತರದಿರುವುದು ಇಳಿಯುವ ಸ್ಟಾಪಿನಲ್ಲಿ ಅದು ಮುಗಿಯುವುದರಿಂದ.

ಅಂತರ್ಜಾಲದಲ್ಲಿ ಇಳಿಯುವ ಸ್ಟಾಪೇ ಇಲ್ಲ. ಚುನಾವಣಾ ಪ್ರಚಾರಕ್ಕೆ ನೆರವಾಗುತ್ತಿದ್ದ ಕೇಂಬ್ರಿಜ್ ಅನಲಿಟಿಕಾ ಕಂಪನಿಯ ಪ್ರಕರಣ 2018ರಲ್ಲಿ ಬಯಲಾಯಿತು. ಅದರಲ್ಲಿ ಫೇಸ್‌ಬುಕ್ಕಿನ ಮೂಲಕ ವ್ಯಕ್ತಿತ್ವ ಪರೀಕ್ಷೆಯ ಆ್ಯಪ್ ಹಾಕಿಕೊಂಡವರು ಸುಮಾರು 3 ಲಕ್ಷ ಮಂದಿ. ಅವರ ಗೆಳೆಯರ ಪಟ್ಟಿಯ ಮೂಲಕ 8.7 ಕೋಟಿ ಜನರ ಮಾಹಿತಿ ಹೋಗಿರಬಹುದೆಂದು ಫೇಸ್‌ಬುಕ್ಕೇ ಒಪ್ಪಿತು. ಆ ಗೆಳೆಯರು ಯಾವ ಪರೀಕ್ಷೆಯನ್ನೂ ಬರೆದಿರಲಿಲ್ಲ. ತಮ್ಮವರಿಗೆಂದು ಹಂಚಿಕೊಂಡದ್ದು ಚುನಾವಣಾ ಪ್ರಚಾರದವರ ಕೈಸೇರಿತ್ತು.

ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಹೂಡಿದ ಮೊಕದ್ದಮೆಯಲ್ಲಿ, 2017ರ ಆಗಸ್ಟ್ 24ರಂದು ಸುಪ್ರೀಂ ಕೋರ್ಟಿನ 9 ನ್ಯಾಯಮೂರ್ತಿಗಳು ಖಾಸಗಿತನ ಮೂಲಭೂತ ಹಕ್ಕೆಂದು ಒಮ್ಮತದಿಂದ ಹೇಳಿದರು. ಸಾರ್ವಜನಿಕ ಸ್ಥಳದಲ್ಲಿದ್ದ ಮಾತ್ರಕ್ಕೆ ಅದು ಕಳೆದುಹೋಗದು, ಅದು ವ್ಯಕ್ತಿಗೇ ಅಂಟಿಕೊಂಡದ್ದು ಎಂಬ ಮಾತೂ ತೀರ್ಪಿನಲ್ಲಿದೆ. ಆದರೆ ಆ ಬಳಿಕ ಬಂದ 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಸಂರಕ್ಷಣಾ ಕಾಯ್ದೆ, ವ್ಯಕ್ತಿ ತಾನಾಗಿ ಸಾರ್ವಜನಿಕಗೊಳಿಸಿದ ಮಾಹಿತಿಯನ್ನು ತನ್ನ ವ್ಯಾಪ್ತಿಯಿಂದಲೇ ಹೊರಗಿಟ್ಟಿದೆ. ತೀರ್ಪು ಹಿಡಿದ ದಾರಿಯಿಂದ ಕಾಯ್ದೆ ಹಿಂದಕ್ಕೆ ಸರಿದಿದೆ. ಆ ವಿನಾಯಿತಿಯನ್ನು ತಿದ್ದಬೇಕು.